ಪೇಫೆನ್ ಅಕ್ಕನ ಹಾಸಿಗೆ ಸುರುಳಿ

ಟೂರಿಗೆ ಹೊರಡುವವರು ಯಾರಾದರೂ ಹಾಸಿಗೆ ಕಟ್ಟಿಕೊಂಡು ಬರುತ್ತಾರೆಯೇ? ನಮ್ಮೂರ ಸ್ಟೇಷನ್ನಿನಲ್ಲಿ ಪೇಫೆನ್ ಅಕ್ಕ ಹಗ್ಗ ಬಿಗಿದ ದಪ್ಪ ಹಾಸಿಗೆ ಸುರುಳಿಯನ್ನು ಬೆನ್ನಿಗೇರಿಸಿಕೊಂಡು ಬಂದು ನಿಂತಾಗ ನಾನು ಎಲ್ಲರೆದುರೇ ಗಹಗಹಿಸಿ ನಕ್ಕುಬಿಟ್ಟೆ.

"ಅಲ್ಲ ಕಣಕ್ಕಾ, ರೈಲಲ್ಲೂ ಹಾಸಿಗೆ ಕೊಡ್ತಾರೆ, ಹೋಟೆಲಲ್ಲೂ ಹಾಸಿಗೆ ಕೊಡ್ತಾರೆ. ಇದನ್ನೇನು ಬೀಜಿಂಗಿನ ಚೌಕದಲ್ಲಿ ಹಾಸ್ಕೊಂಡು ಬಿದ್ಕೋತೀಯಾ?"

"ನೀನು ಹೊರಬೇಕಾ? ಇಲ್ಲ ತಾನೇ? ಹಾಗಿದ್ರೆ ಬಾಯಿ ಮುಚ್ಕೊಂಡಿರು, ಲುವಾನ್."

ನನ್ನ ಬಾಯಿ ಮುಚ್ಚಿಸುವುದು ಸುಲಭವಲ್ಲ. ಮರದ ಕಾರ್ಖಾನೆಯ ಕ್ಯಾಂಟೀನಿನಲ್ಲಿ ಜೀವಮಾನವೆಲ್ಲ ಸೌಟು ಹಿಡಿದು, ಹಸಿದ ಗಂಡಸರನ್ನು ಸಾಲಾಗಿ ನಿಲ್ಲಿಸಿದವಳು ನಾನು. ಪೇಫೆನ್ ಅಕ್ಕ ಅದೇ ಕಾರ್ಖಾನೆಯಲ್ಲಿ ಹಲಗೆ ಪೇರಿಸುತ್ತಿದ್ದಳು. ನಿವೃತ್ತರಾದ ನಮ್ಮಂಥವರಿಗೆಂದೇ ಆ ಶರತ್ಕಾಲದಲ್ಲಿ ಒಂದು ರೈಲು ಟೂರ್ ಹೊರಟಿತ್ತು: ಬೀಜಿಂಗ್, ಶಿಯಾನ್, ಶಾಂಘೈ, ಮತ್ತೆ ಮನೆ. ಎಲ್ಲರ ತಲೆಗೂ ಕೆಂಪು ಟೋಪಿ. ಮುಂದೆ ಚಿಕ್ಕ ಬಾವುಟ ಹಿಡಿದ ತಾವ್ ಎಂಬ ಗೈಡ್ ಹುಡುಗಿ. "ಅಜ್ಜಂದಿರೇ, ಅಜ್ಜಿಯರೇ, ಬೇಗ ಬೇಗ!" ಎಂದು ಅವಳು ಕೂಗುವುದು, ನಾವು ಕೋಳಿಮರಿಗಳಂತೆ ಹಿಂದೆ ಓಡುವುದು. ಹಾಗೆ ನಡೆಯಿತು ನಮ್ಮ ದೇಶ ದರ್ಶನ.

ಬೀಜಿಂಗಿನ ಅರಮನೆಯಲ್ಲಿ ನಾನು ಕಂಡಿದ್ದು ಮುಂದಿನವನ ಕತ್ತು. ಶಿಯಾನಿನಲ್ಲಿ ಮಣ್ಣಿನ ಸೈನಿಕರನ್ನು ತೋರಿಸಿದ್ದಕ್ಕಿಂತ ಹೆಚ್ಚು ಹೊತ್ತು ಪಚ್ಚೆ ಬಳೆಯ ಅಂಗಡಿಯಲ್ಲಿ ಕೂಡಿಹಾಕಿದರು. ನಾನು ಬೈದೆ, ಮಿಕ್ಕವರು ಬಳೆ ಕೊಂಡರು. ಪೇಫೆನ್ ಅಕ್ಕ ಎಲ್ಲಿಯೂ ಏನನ್ನೂ ನೋಡಲಿಲ್ಲ. ಬಸ್ಸಿನಿಂದ ಇಳಿದಲ್ಲೆಲ್ಲ ಒಂದು ಕಟ್ಟೆ ಹುಡುಕಿ, ಸುರುಳಿಯನ್ನು ಕಾಲ ಸಂದಿಯಲ್ಲಿ ಇಟ್ಟುಕೊಂಡು ಕೂತುಬಿಡುತ್ತಿದ್ದಳು. ಬಸ್ಸಿನಲ್ಲೇ ಬಿಡು ಎಂದರೆ ಕೇಳಳು.

ಶಿಯಾನ್ ಬಿಟ್ಟ ಮೇಲೆ ರೈಲಿನಲ್ಲಿ, ಸೂರ್ಯಕಾಂತಿ ಬೀಜ ಒಡೆಯುತ್ತಾ, ಕೊನೆಗೂ ಬಾಯಿ ಬಿಟ್ಟಳು.

"ಶಾಂಘೈಯಲ್ಲಿ ನಾನು ಹೋಟೆಲಿಗೆ ಬರಲ್ಲ. ತಾವ್‌ಗೆ ಹೇಳಿದೀನಿ. ಗೊರಕೆ ಹೊಡೆಯೋಳ ಕೋಣೇಲಿ ನಿದ್ದೆಗೆಡ್ತಿದ್ದಾಳಲ್ಲ ಒಬ್ಬಳು, ಅಲ್ಲಿನ ನನ್ನ ಮಂಚ ಅವಳಿಗೆ ಕೊಟ್ಟಾಯ್ತು. ನಾನು ಮನೇಲಿ ಮಲಗ್ತೀನಿ."

"ಯಾರ ಮನೇಲಿ?"

"ಯಾರ ಮನೆ ಅಂದ್ರೆ? ನಮ್ಮನೇಲಿ. ಅಮ್ಮನ ಮನೇಲಿ. ಅಟ್ಟದ ಮೇಲೆ, ನಾನು ಮಲಗ್ತಿದ್ದ ಜಾಗದಲ್ಲಿ. ಒಂದೇ ಒಂದು ರಾತ್ರಿ, ಲುವಾನ್. ಸಾಯೋದ್ರೊಳಗೆ ಒಂದು ರಾತ್ರಿ ಅಲ್ಲಿ ಮಲಗಿ ಎದ್ರೆ ಸಾಕು."

ಪೇಫೆನ್ ಅಕ್ಕ ಹುಟ್ಟಿದ್ದು ಶಾಂಘೈಯ ಒಂದು ಇಕ್ಕಟ್ಟಿನ ಓಣಿಯಲ್ಲಿ. ಪಟ್ಟಣದ ಹುಡುಗ ಹುಡುಗಿಯರೆಲ್ಲ ಹಳ್ಳಿ ಕಾಡುಗಳಿಗೆ ದುಡಿಯಲು ಹೋಗಬೇಕೆಂದು ಅಪ್ಪಣೆಯಾದ ಕಾಲದಲ್ಲಿ, ಹದಿನೇಳರ ಹುಡುಗಿ ಉತ್ತರದ ನಮ್ಮ ಕಾಡಿನೂರಿಗೆ ಬಂದಿಳಿದಳು. ಅಂದು ಅವಳ ಹಾಸಿಗೆ ಸುರುಳಿಯನ್ನು ಸ್ಟೇಷನ್ನಿನವರೆಗೆ ಹೊತ್ತು ತಂದವನು ತಮ್ಮ ದೇಕಾಂಗ್. ಆಗ ಅವನಿಗೆ ಹತ್ತು ವರ್ಷ. ರೈಲು ಕೂಗಿದರೂ ಸುರುಳಿ ಬಿಡದೆ ತಬ್ಬಿಕೊಂಡು, "ಕೊಡಲ್ಲ, ಕೊಟ್ರೆ ಅಕ್ಕ ಹೋಗ್ತಾಳೆ" ಎಂದು ಹೊರಳಾಡಿ ಅತ್ತನಂತೆ. ಅಮ್ಮ ಬೆರಳು ಬಿಡಿಸಬೇಕಾಯಿತಂತೆ.

ನಮ್ಮೂರಿನಲ್ಲಿ ಚ್ಯೂ ಎಂಬ ಮರ ಕಡಿಯುವವನನ್ನು ಮದುವೆಯಾದಳು. ಕೆಲವು ವರ್ಷಕ್ಕೆ, ಬಂದವರೆಲ್ಲ ಊರಿಗೆ ಮರಳಬಹುದು ಎಂದಾಯಿತು. ಆದರೆ ಇಲ್ಲಿಯವರನ್ನು ಕಟ್ಟಿಕೊಂಡವರಿಗೆ ಆ ಭಾಗ್ಯವಿರಲಿಲ್ಲ. ಎಷ್ಟೋ ಜನ ಗಂಡ ಹೆಂಡಿರನ್ನು ಬಿಟ್ಟೇ ರೈಲು ಹತ್ತಿದರು. ಇವಳು ಹತ್ತಲಿಲ್ಲ. ಆ ಚ್ಯೂ ಒಳ್ಳೆಯ ಮನುಷ್ಯ, ಬಿಡಲು ಮನಸ್ಸು ಬರುವಂಥವನಲ್ಲ. ಹುಟ್ಟಿದ ಒಂದು ಮಗು ಉಳಿಯಲಿಲ್ಲ. ಅಮ್ಮ ಸತ್ತ ಸುದ್ದಿ ಬಂದಾಗ ಹಿಮ ಬಿದ್ದು ದಾರಿ ಕಟ್ಟಿತ್ತು. ಆಮೇಲೆ ಚ್ಯೂನೂ ಹೋದ. ಇಷ್ಟಾದರೂ ನಮ್ಮೂರ ಜನ ಅವಳನ್ನು ಕರೆಯುತ್ತಿದ್ದದ್ದು 'ಶಾಂಘೈಯವಳು' ಎಂದೇ. ಹಾಳು ಊರು, ಬಾಳೆಲ್ಲ ಸವೆಸಿದರೂ ಒಬ್ಬಳನ್ನು ತನ್ನವಳು ಅನ್ನಲಿಲ್ಲ.

"ತಮ್ಮನಿಗೆ ಹೇಳಿದೀಯಾ, ರಾತ್ರಿ ಇರ್ತೀನಿ ಅಂತ?"

"ಬರ್ತೀನಿ ಅಂತ ಫೋನ್ ಮಾಡಿದೀನಿ. ಮಲಗೋಕೂ ಅಪ್ಪಣೆ ಕೇಳ್ಬೇಕಾ? ಅದಕ್ಕೇ ಅಲ್ವೇನೇ ಹಾಸಿಗೆ ತಂದಿರೋದು! ಅವನ ಹೆಂಡ್ತಿಗೆ ಹಾಸೋದು, ಹೊದಿಸೋದು, ಒಗೆಯೋದು ಒಂದೂ ತಾಪತ್ರಯ ಇರಬಾರದು."

ಆಮೇಲೆ ಬೆಳಗಿನ ತಿಂಡಿಯ ಮಾತು ತೆಗೆದಳು. ರಾತ್ರಿ ಉಳಿದ ಅನ್ನಕ್ಕೆ ಬಿಸಿನೀರು ಹೊಯ್ದು, ಉಪ್ಪಿನಲ್ಲಿ ಹಾಕಿದ ಸೊಪ್ಪಿನ ಜೊತೆ ತಿನ್ನುವುದು ಅವರ ಮನೆಯ ರೂಢಿ. ಅದೇ ಬೇಕು ಅವಳಿಗೆ, ಇನ್ನೇನೂ ಬೇಡ.

"ನೆಂಟರು ಬಂದಾಗ ಅಮ್ಮ ಸಕ್ಕರೆ ನೀರಿನಲ್ಲಿ ಎರಡು ಮೊಟ್ಟೆ ಒಡೆದು ಬೇಯಿಸಿ ಕೊಡೋಳು. ನಾನೂ ದೇಕಾಂಗನೂ ಅಟ್ಟದ ಏಣಿ ಮೇಲೆ ಕೂತು ಜೊಲ್ಲು ಸುರಿಸೋದು. ನಮಗೂ ಕೊಡಮ್ಮಾ ಅಂದ್ರೆ, 'ಥೂ, ಅದು ಎದ್ದು ಹೋಗೋರಿಗೆ ಕಣ್ರೋ. ಮನೆಯವರಿಗೆ ತಂಗಳನ್ನ' ಅನ್ನೋಳು." ಹೇಳಿ ನಕ್ಕಳು. ಅವಳು ಹಾಗೆ ನಕ್ಕಿದ್ದನ್ನು ನಾನು ಅದಕ್ಕೂ ಮುಂಚೆ ಕಂಡಿರಲಿಲ್ಲ, ಆಮೇಲಂತೂ ಕಾಣಲೇ ಇಲ್ಲ.

ಶಾಂಘೈಯಲ್ಲಿ ಮಧ್ಯಾಹ್ನದ ಮೇಲೆ ಮಿಕ್ಕವರು ನದಿ ದಂಡೆ ನೋಡಲು ಹೋದರು. ನಾನು ಅಕ್ಕನ ಜೊತೆ ನಿಂತೆ. ಅವಳ ಕೈಯಲ್ಲಿ ಒಣ ಅಣಬೆ, ಪೈನ್ ಬೀಜದ ಚೀಲಗಳು, ಬೆನ್ನ ಮೇಲೆ ಸುರುಳಿ. ಒಬ್ಬಳನ್ನೇ ಹೇಗೆ ಬಿಡಲಿ? ಮನೆ ಮುಟ್ಟಿಸಿ ಹೋಟೆಲಿಗೆ ಮರಳುವುದೆಂದು ಮಾತಾಯಿತು.

ಓಣಿಯ ಗೋಡೆಗಳಿಗೆಲ್ಲ ಅಕ್ಷರ ಬರೆದ ಕೆಂಪು ಬಟ್ಟೆಯ ಬ್ಯಾನರ್ ಕಟ್ಟಿದ್ದರು. ಮನೆಗಳನ್ನು ಕೆಡವುತ್ತಾರಂತೆ, ಪರಿಹಾರ ಕೊಡುತ್ತಾರಂತೆ. ಓಣಿಯ ಬಾಯಲ್ಲೇ ಒಬ್ಬ ಮುದುಕ ಸ್ಟೂಲಿನ ಮೇಲೆ ಕೂತು ಸೊಪ್ಪು ಬಿಡಿಸುತ್ತಿದ್ದ.

"ಯಾರ ಮನೆ ಬೇಕಮ್ಮಾ?"

"ಶೆನ್ ದೇಕಾಂಗ್ ಮನೆ. ನಾನು ಅವನಕ್ಕ."

ಮುದುಕನ ಕಣ್ಣು ಅವಳ ಮುಖದ ಮೇಲೆ ನಿಲ್ಲಲಿಲ್ಲ, ನೇರ ಸುರುಳಿಗೆ ಹೋಯಿತು. "ಓಹೋಹೋ! ಹಾಸಿಗೆ ಸಮೇತ! ಒಳ್ಳೇ ಟೈಮ್ ನೋಡ್ಕೊಂಡು ಬಂದ್ರಿ. ಆಚೆ ಮನೆಯವರ ತಂಗಿನೂ ಹೋದ ತಿಂಗಳು ಹೀಗೇ ಬಂದು ಕೂತವಳು ಇನ್ನೂ ಎದ್ದಿಲ್ಲ. ಪಾಲು ಕೊಡೋವರೆಗೂ ಏಳಲ್ವಂತೆ." ಆಮೇಲೆ ಇಡೀ ಓಣಿಗೆ ಕೇಳುವಂತೆ ಕೂಗಿದ: "ದೇಕಾಂಗ್! ನಿಮ್ಮಕ್ಕ ಬಂದಿದಾರೆ! ಹಾಸಿಗೆ ತಗೊಂಡು!"

ಆ ಓಣಿಯಲ್ಲಿ ಹಾಸಿಗೆ ಸುರುಳಿ ಎಂದರೆ ಏನರ್ಥವೆಂದು ನನಗೆ ಆಗ ಹೊಳೆಯಿತು. ನಮ್ಮೂರಿಂದ ಮರಳಿ ಹೋದವರ ಕಥೆ ಕ್ಯಾಂಟೀನಿನಲ್ಲಿ ಕೇಳಿದ್ದೆ: ಅವರೆಲ್ಲ ಹೀಗೇ ಸುರುಳಿ ತಂದು, ಮೊದಲೇ ಕಾಲಿಡಲು ಜಾಗವಿಲ್ಲದ ಕೋಣೆಗಳಲ್ಲಿ ಹಾಸಿದ್ದರು. ಅಣ್ಣ ತಮ್ಮಂದಿರು ಹೊಡೆದಾಡಿದ್ದರು. ಈಗ ಮನೆ ಕೆಡವುವ ಹೊತ್ತಿಗೆ ಸುರುಳಿ ಬಂತೆಂದರೆ ಪಾಲು ಕೇಳಲು ಬಂತೆಂದೇ ಲೆಕ್ಕ. ಆ ಕಥೆಗಳಿಗೆ ಎಂದೂ ಕಿವಿಗೊಡದ ಪೇಫೆನ್ ಅಕ್ಕನಿಗೆ ಇದೊಂದೂ ಗೊತ್ತಿಲ್ಲ. ಮುದುಕನ ಮಾತು ಅವಳ ಕಿವಿಗೇ ಬಿದ್ದಂತಿರಲಿಲ್ಲ. ಕತ್ತಲ ಮೆಟ್ಟಿಲನ್ನು ಹುಡುಗಿಯಂತೆ ಹತ್ತುತ್ತಿದ್ದಳು.

ದೇಕಾಂಗ್ ಬಾಗಿಲಲ್ಲಿ ನಿಂತಿದ್ದ. ನರೆತ ತಲೆ, ಅಕ್ಕನದೇ ಮೂಗು. ಅವಳು ಶಾಂಘೈ ಮಾತಿನಲ್ಲಿ ಏನೋ ಗಡಗಡ ಹೇಳಿದಳು. ಅವನು ರೇಡಿಯೋದವರ ಭಾಷೆಯಲ್ಲಿ, ನನ್ನಂಥ ಪರವೂರಿನವಳಿಗೂ ಅರ್ಥವಾಗುವ ಹಾಗೆ, "ಬನ್ನಿ ಅಕ್ಕ, ಕೂತ್ಕೊಳ್ಳಿ, ದಾರಿಯಲ್ಲಿ ಆಯಾಸ ಆಗಿರ್ಬೇಕು" ಅಂದ. ಸುರುಳಿಯನ್ನು ಒಳಗೆ ತಗೊಳ್ಳಲಿಲ್ಲ. ಅದು ಹೊಸ್ತಿಲ ಆಚೆ ಗೋಡೆಗೆ ಒರಗಿತು.

ಅಮ್ಮನ ಪಟದ ಮುಂದೆ ಅಕ್ಕ ಊದುಬತ್ತಿ ಹಚ್ಚಿ ತಲೆಬಾಗಿದಳು. ಕಣ್ಣೊರೆಸಿಕೊಂಡು ಮೇಲೆ ನೋಡಿದಳು.

"ಏಣಿ ಹಾಗೇ ಇದೆ ಅಲ್ವೇನೋ ದೇಕಾಂಗ್! ಅಟ್ಟದ ಕಿಟಕಿ ಈಗ್ಲೂ ಕಿರ್ ಅನ್ನುತ್ತಾ?"

ಅವನು ಹೆಂಡತಿಯ ಮುಖ ನೋಡಿದ. ಆ ಲಿಂಗ್‌ದಿ ಚುರುಕು ಹೆಂಗಸು. "ಅಟ್ಟದಲ್ಲಿ ಬರೀ ಸಾಮಾನು ಅಕ್ಕ. ಬೆಕ್ಕು ಮಲಗೋಕೂ ಜಾಗ ಇಲ್ಲ. ಇರಿ, ಬಂದೆ," ಎಂದು ಅಡುಗೆ ಮೂಲೆಗೆ ಹೋದಳು.

ಗಂಡಸು ಮಾತಿಗೆ ತಡಕಾಡಿದ. ಬೀಜಿಂಗ್ ಹೇಗಿತ್ತು, ಶಿಯಾನ್ ಹೇಗಿತ್ತು, ಗೈಡ್ ಒಳ್ಳೆಯವಳಾ ಅಂದ. ಆಮೇಲೆ, "ನಿಮ್ಮ ಹೋಟೆಲ್ ಯಾವ ಕಡೆ?" ಅಂದ.

ಪೇಫೆನ್ ಅಕ್ಕ ಬಾಯಿ ತೆರೆದಳು. ಈಗ ಹೇಳುತ್ತಾಳೆ ಅಂದುಕೊಂಡೆ. ಅಷ್ಟರಲ್ಲಿ ಲಿಂಗ್‌ದಿ ಬಂದು ನಮ್ಮಿಬ್ಬರ ಮುಂದೆ ಎರಡು ಬಟ್ಟಲು ಇಟ್ಟಳು. ಸಕ್ಕರೆ ನೀರು. ಅದರಲ್ಲಿ ಎರಡೆರಡು ಮೊಟ್ಟೆ, ಬೆಳ್ಳಗೆ, ದುಂಡಗೆ.

"ತಗೊಳ್ಳಿ ಅಕ್ಕ, ಬಿಸಿಯಾಗಿರುವಾಗಲೇ ತಗೊಳ್ಳಿ."

ನನಗೆ ಹಸಿವಾಗಿತ್ತು. ದಡ್ಡಿ ನಾನು, ರೈಲಿನಲ್ಲಿ ಕೇಳಿದ್ದು ಮರೆತೇಹೋಗಿತ್ತು. "ಆಹಾ, ಎಷ್ಟು ಚೆನ್ನಾಗಿದೆ!" ಎಂದು ಒಂದು ಮೊಟ್ಟೆ ನುಂಗಿ, ಎರಡನೆಯದಕ್ಕೆ ಚಮಚ ಹಾಕಿ, ತಲೆಯೆತ್ತಿದೆ. ಅಕ್ಕ ಬಟ್ಟಲನ್ನೇ ನೋಡುತ್ತಿದ್ದಳು. ಎರಡು ಕೈಯಿಂದ ಅದನ್ನು ಹಿಡಿದಿದ್ದಳು, ಬಿಸಿ ತಾಕಿದ್ದೂ ಗೊತ್ತಾಗದವಳಂತೆ. ದೇಕಾಂಗನೂ ಬಟ್ಟಲು ನೋಡಿದ. ಅವನಿಗೆ ನೆನಪಾಯಿತು, ಆಣೆ ಮಾಡಿ ಹೇಳುತ್ತೇನೆ, ಅವನಿಗೆ ಏಣಿಯೂ ಅಮ್ಮನ ಮಾತೂ ನೆನಪಾಯಿತು. ಕಿವಿ ಕೆಂಪಾಯಿತು.

ಪೇಫೆನ್ ಅಕ್ಕ ಎರಡೂ ಮೊಟ್ಟೆ ತಿಂದಳು. ನೀರು ಕುಡಿದಳು. ಬಟ್ಟಲು ಕೆಳಗಿಟ್ಟು, ನೆಂಟರು ಹೇಳುವ ಹಾಗೇ, "ತೊಂದರೆ ಕೊಟ್ವಿ" ಅಂದಳು.

"ಹೋಟೆಲ್ ಸ್ಟೇಷನ್ ಹತ್ರ ದೇಕಾಂಗ್. ಕತ್ತಲಾಗೋದ್ರೊಳಗೆ ಸೇರ್ಕೋಬೇಕು, ಗೈಡ್ ಕಾಯ್ತಿರ್ತಾಳೆ."

"ಅಯ್ಯೋ, ಇಷ್ಟು ಬೇಗ್ನಾ? ಊಟ ಮಾಡ್ಕೊಂಡು ಹೋಗಿ," ಅಂದಳು ಲಿಂಗ್‌ದಿ, ಆಗಲೇ ಎದ್ದು ನಿಂತು.

ನನಗೆ ಆ ಬಟ್ಟಲು ಎತ್ತಿ ಗೋಡೆಗೆ ಬಡಿಯಬೇಕೆನ್ನಿಸಿತು. "ಏನ್ರೀ ನೀವು, ಅವಳು ಬಂದಿದ್ದು..." ಎಂದು ಶುರು ಮಾಡಿದೆ. ಅಕ್ಕ ನನ್ನ ತೊಡೆ ಹಿಂಡಿದಳು. ಕಣ್ಣಲ್ಲಿ ನೀರು ಬರುವಷ್ಟು ಹಿಂಡಿದಳು.

ದೇಕಾಂಗ್ ಲಗುಬಗೆಯಿಂದ ಹೊರಗೆ ಹೋಗಿ ಸುರುಳಿಯನ್ನು ತಾನೇ ಎತ್ತಿ ಹೆಗಲಿಗೇರಿಸಿದ. "ನೀವು ಹೊರಬೇಡಿ ಅಕ್ಕ, ಭಾರ ಇದೆ. ನಾನಿದೀನಲ್ಲ." ಮೆಟ್ಟಿಲಿಳಿದು, ಆ ಮುದುಕನ ಮುಂದೆಯೇ ಹಾದು, ರಸ್ತೆಗೆ ಬಂದು ಟ್ಯಾಕ್ಸಿ ನಿಲ್ಲಿಸಿ, ಡಿಕ್ಕಿಯಲ್ಲಿ ಸುರುಳಿ ಇಟ್ಟು ಮುಚ್ಚಳ ಹಾಕಿದ. ಆಗ ಅವನ ಮುಖದಲ್ಲಿ ನಗು ಬಂತು. ನಾವು ಬಂದಾಗಿನಿಂದ ಅದೇ ಮೊದಲ ನಗು. "ಆರೋಗ್ಯ ನೋಡ್ಕೊಳ್ಳಿ ಅಕ್ಕ. ಮುಂದಿನ ಸಲ ಬಂದಾಗ ನಾಲ್ಕು ದಿನ ಇರೋ ಹಾಗೆ ಬನ್ನಿ."

ಟ್ಯಾಕ್ಸಿಯಲ್ಲಿ ಅವಳು ಅಳಲಿಲ್ಲ. ನಾನು ಅತ್ತೆ, ಬೈದೆ, ತಮ್ಮನ ಮನೆತನಕ್ಕೆಲ್ಲ ಹಿಡಿ ಶಾಪ ಹಾಕಿದೆ. ಹೋಟೆಲಿನಲ್ಲಿ ಅವಳ ಮಂಚದಲ್ಲಿ ಬೇರೆಯವಳಿದ್ದಳಲ್ಲ, ನನ್ನ ಮಂಚದಲ್ಲೇ ಇಬ್ಬರೂ ಮಲಗಿದೆವು. ಬೆಳಿಗ್ಗೆ ತಿಂಡಿಯ ಕೋಣೆಯಲ್ಲಿ ನಾನು ಜಗಳವಾಡಿ ಅಡುಗೆಯವನಿಂದ ತಂಗಳನ್ನ ತಂದೆ. ಬಿಸಿನೀರು ಹೊಯ್ದು, ಉಪ್ಪಿನ ಸೊಪ್ಪು ಹಾಕಿ ಅವಳ ಮುಂದಿಟ್ಟೆ.

ಅವಳು ಬಟ್ಟಲನ್ನು ನಿಧಾನವಾಗಿ ನನ್ನ ಕಡೆ ಸರಿಸಿದಳು. "ನಿನ್ನ ಮನಸ್ಸು ಒಳ್ಳೇದು ಲುವಾನ್. ಆದ್ರೆ ಇದು ಹೋಟೆಲು."

ಉತ್ತರಕ್ಕೆ ಹೋಗುತ್ತಾ ಹೋಗುತ್ತಾ ರೈಲು ತಣ್ಣಗಾಯಿತು. ನನ್ನ ಮೂಳೆ ನಡುಗತೊಡಗಿತು. ಅಕ್ಕ ಎದುರಿನ ಮಂಚದಿಂದ, "ಬಿಚ್ಚು ಅದನ್ನ, ಹೊದ್ಕೋ," ಅಂದಳು. ಹಗ್ಗ ಬಿಚ್ಚಿದೆ. ಮೇಲೊಂದು ಹಳೆಯ ತೆಳು ಚಾದರ, ಒಂದು ಪುಟ್ಟ ದಿಂಬು. ಅವಳ ಆ ಒಂದು ರಾತ್ರಿಗೆ ತಂದಿದ್ದು ಅಷ್ಟೇ. ಮಿಕ್ಕ ದಪ್ಪವೆಲ್ಲ ಒಳಗೆ ಮಡಚಿಟ್ಟ ಹೊಸ ರಜಾಯಿ. ಹೊಸ ಹತ್ತಿ, ನೀಲಿ ಬಟ್ಟೆ, ಸಣ್ಣ ಸಣ್ಣ ಕೈಹೊಲಿಗೆ.

"ಇದ್ಯಾರಿಗೆ?"

"ದೇಕಾಂಗನಿಗೆ. ಅವನಿಗೆ ಚಿಕ್ಕಂದಿನಿಂದಲೂ ಮಂಡಿ ಚಳಿ. ಶಾಂಘೈ ಮನೆಗಳಲ್ಲಿ ನಮ್ಮ ಹಾಗೆ ಕೆಳಗೆ ಬೆಂಕಿ ಹಾಕಿ ಮೇಲೆ ಮಲಗೋ ಜಗಲಿ ಇಲ್ವಲ್ಲ. ಬೆಳಿಗ್ಗೆ ಬರುವಾಗ ಅಟ್ಟದ ಮೇಲೆ ಬಿಟ್ಟು ಬರೋಣ ಅಂತಿದ್ದೆ."

ನನಗೆ ಪಿತ್ತ ನೆತ್ತಿಗೇರಿತು. "ಅಯ್ಯೋ ನಿನ್ನ! ಇದು ನಿನಗೇ ಕಣೋ ಅಂತ ಅಲ್ಲೇ ಹೇಳಬಾರ್ದಿತ್ತಾ? ಬಿಚ್ಚಿ ತೋರಿಸಬಾರ್ದಿತ್ತಾ? ಪಾಲು ಕೇಳೋಕೆ ಬಂದವಳಲ್ಲ ಅಂತ ಗೊತ್ತಾಗ್ತಿರಲಿಲ್ವಾ?"

"ಗೊತ್ತಾಗ್ತಿತ್ತು. ತಗೊಂಡು, ಕಣ್ಣಲ್ಲಿ ನೀರು ಹಾಕ್ಕೊಂಡು, ಆಮೇಲೂ ಟ್ಯಾಕ್ಸಿ ಹತ್ತಿಸಿದ್ರೆ?" ಅಕ್ಕ ಕಿಟಕಿಯ ಕಡೆ ತಿರುಗಿದಳು. "ಈಗ ಸುರುಳಿ ನೋಡಿ ಹೆದರಿದ ಅಂತಾದ್ರೂ ಅಂದ್ಕೋಬಹುದು. ಅದೊಂದನ್ನಾದ್ರೂ ನನಗೆ ಬಿಡು."

ರಜಾಯಿಯನ್ನು ಅವಳು ಮತ್ತೆ ಮುಟ್ಟಲಿಲ್ಲ. ಊರಲ್ಲಿ ಇಳಿದಾಗ ಹಗ್ಗ, ದಿಂಬು, ಚಾದರ ಮಾತ್ರ ತೆಗೆದುಕೊಂಡು ಹೋದಳು.

ಆ ಚಳಿಗಾಲ ಕಳೆಯುವುದರೊಳಗೆ ಪೇಫೆನ್ ಅಕ್ಕ ತೀರಿಕೊಂಡಳು. ಕಾಯಿಲೆ ಏನೆಂದು ಡಾಕ್ಟರು ಒಂದು ಹೆಸರು ಹೇಳಿದರು, ನಾನು ಕೇಳಿಸಿಕೊಳ್ಳಲಿಲ್ಲ. ಶಾಂಘೈಗೆ ಫೋನ್ ಮಾಡಿ ತಿಳಿಸಿದವಳು ನಾನೇ. ದೇಕಾಂಗ್ ದನಿ ಒಡೆದು ಹೇಳಿದ:

"ಬಂದಾಗ ಒಂದು ರಾತ್ರಿ ಇದ್ದು ಹೋಗಬಹುದಿತ್ತು. ನಾವು ಎಷ್ಟು ಹೇಳಿದ್ವಿ, ಅಲ್ವಾ? ಟೂರಿದೆ, ಗೈಡ್ ಕಾಯ್ತಾಳೆ ಅಂತ ಹೊರಟೇಬಿಟ್ರು. ನೀವೇ ನೋಡಿದ್ರಲ್ಲ."

ಬೈಗುಳವೆಲ್ಲ ನಾಲಿಗೆಯ ತುದಿಯಲ್ಲಿತ್ತು. ನೀಲಿ ರಜಾಯಿ ನನ್ನ ಮಂಡಿಯ ಮೇಲಿತ್ತು.

"ಹೌದು," ಅಂದೆ. "ಟೂರಿತ್ತು."