ಪೂರಿಗಾಲಿಯಿಂದ ಬಂದ ಕರೆ

ಹೋದ ತಿಂಗಳು ಹಳೇ ಬ್ಯಾಗೊಂದನ್ನು ಕೊಡವಿದಾಗ ಮೈಕಿಗೆ ತೊಡಿಸುವ ಕಪ್ಪು ಸ್ಪಂಜು ಕೆಳಗೆ ಬಿತ್ತು. ಎತ್ತಿ ಮೂಸಿದೆ. ಲವಂಗ... ಇನ್ನೂ ಲವಂಗದ ವಾಸನೆ. ಮಂಡ್ಯದ ಒಂದು ಸಣ್ಣ ರೇಡಿಯೋ ಕೇಂದ್ರದಲ್ಲಿ ನಾನು ಫೋನ್ ಕರೆಗಳನ್ನು ಜೋಡಿಸಿಕೊಡುತ್ತಿದ್ದೆ. ಗಾಜಿನಾಚೆ ಕೂತು, ಲವಂಗ ಅಗಿಯುತ್ತ, ಇಡೀ ಜಿಲ್ಲೆಯನ್ನು ಬೈಯುತ್ತಿದ್ದವರು ನಮ್ಮ ಸರ್.

ಮದ್ದೂರಿನವರು. ಆಟೋಗೆ ಮೈಕು ಕಟ್ಟಿಕೊಂಡು ಸಭೆ, ನಾಟಕಗಳ ಪ್ರಚಾರ ಮಾಡುತ್ತಿದ್ದವರು ಬರೀ ದನಿಯ ಬಲದಿಂದ ರೇಡಿಯೋಗೆ ಬಂದಿದ್ದರು. ಬೆಳಿಗ್ಗೆ ಹತ್ತಕ್ಕೆ ಅವರ ಕಾರ್ಯಕ್ರಮ. ಕರೆ ಮಾಡಿದವರನ್ನು ಕೆಣಕುವುದೇ ಕೆಲಸ. ನಾಲೆಗೆ ಕಸ ಸುರಿಯುವವರು, ಹೋಟೆಲಿನಲ್ಲಿ ಇನ್ನೂ ಬೇರೆ ಲೋಟ ಇಟ್ಟವರು, ಮಗಳ ಓದು ಬಿಡಿಸಿದವರು, ಯಾರನ್ನೂ ಬಿಡುತ್ತಿರಲಿಲ್ಲ. "ನಿನ್ ನಾಲ್ಗೆ ಸೇದೋಗಾ" ಎಂದು ಶಪಿಸಿದವರೇ ಮಾರನೆಯ ದಿನ ಹತ್ತಕ್ಕೆ ಸರಿಯಾಗಿ ರೇಡಿಯೋ ಹಾಕುತ್ತಿದ್ದರು. ಒಮ್ಮೆ ನಮ್ಮ ಕಿಟಕಿಗೆ ಕಲ್ಲು ಬಿತ್ತು. ಸರ್ ಆ ಕಲ್ಲನ್ನು ಮೈಕಿನ ಮುಂದಿಟ್ಟುಕೊಂಡು ಅದನ್ನೇ ಅರ್ಧ ಗಂಟೆ ಮಾತಾಡಿಸಿದ್ದರು.

ಅವರಿಗೆ ತೀರ ಆಗದಿದ್ದದ್ದು ದೆವ್ವ-ಪೀಡೆಯ ಮಾತು. ಒಂದು ದಿನ ಅದನ್ನೇ ಎತ್ತಿಕೊಂಡರು. "ದೆವ್ವ ಕಂಡೋರು ಯಾರಾದ್ರೂ ಇದ್ರೆ ಲೈನಿಗೆ ಬನ್ರಲಾ" ಎಂದು ಹೇಳಿ ನನಗೆ ಕೈಸನ್ನೆ ಮಾಡಿದರು. ಪೂರಿಗಾಲಿಯ ಮುದುಕಿಯೊಬ್ಬಳು ಕಾಯುತ್ತಿದ್ದಳು. ಜೋಡಿಸಿಕೊಟ್ಟೆ.

"ನಿನ್ ದನಿ ನನ್ ಮಗನ್ದು ಕಣಪ್ಪ," ಎಂದಳು. "ಅವ್ನು ನಾಲೆ ಪಾಲಾಗಿ ಬಾಳ ವರ್ಸ ಆಯ್ತು. ದಿನಾ ಹತ್ತ್ ಗಂಟೆಗೆ ಬಂದು ಮಾತಾಡ್ತಾನೆ."

ಸರ್ ಗಹಗಹಿಸಿದರು. "ಅಂಗಾದ್ರೆ ನಾನೇ ದೆವ್ವ ಅನ್ನಮ್ಮೋ! ಆಯ್ತು, ನಿನ್ ಮಗ ಅವತ್ತು ಮನೆಯಿಂದ ಓಗೋವಾಗ ಕೊನೇಗೆ ಏನಂದ?"

"ಕದ ಆಕ್ಬ್ಯಾಡ ಕಣವ್ವ, ಈಗ್ ಬತ್ತೀನಿ, ಅಂದ."

ಸರ್ ಮೈಕಿನ ಹತ್ತಿರಕ್ಕೆ ಬಾಗಿ, ನಗು ತಡೆದುಕೊಂಡು, ಹುಡುಗನ ಹಾಗೆ ರಾಗ ಎಳೆದರು: "ಕದ ಆಕ್ಬ್ಯಾಡ ಕಣವ್ವೋ, ಈಗ್ ಬತ್ತೀನಿ..."

ಆ ಕಡೆ ಮರದ ಬಾಗಿಲು ಕಿರ್ರೆಂದ ಸದ್ದು. ತುಸು ತಡೆದು, ಒದ್ದೆ ಕಾಲಿನ ಹೆಜ್ಜೆಯಂಥ ಸಪ್ಪಳ... "ಬಂದ್ಯಾ, ಮಗಾ?" ಎಂದಳು ಮುದುಕಿ. ಫೋನಿಗಲ್ಲ, ಮುಖ ಆಚೆ ತಿರುಗಿಸಿ ಆಡಿದ ಮಾತು ಅದು. ಕರೆ ಕಟ್ಟಾಯಿತು.

ಎರಡು ದಿನದ ಮೇಲೆ ಅವಳ ಪಕ್ಕದ ಮನೆಯಾಕೆ ಫೋನ್ ಮಾಡಿದಳು. ಮುದುಕಿ ಅವತ್ತೇ ಮಧ್ಯಾಹ್ನ ತೀರಿಕೊಂಡಿದ್ದಳು. "ಒಲೆ ಮುಂದೆ ಎಲ್ಡು ತಟ್ಟೆ ಇದ್ದೋ. ಎಲ್ಡ್ರಲ್ಲೂ ಉಂಡು ಕೈ ತೊಳ್ದಿತ್ತು ಕಣಮ್ಮ. ಮನೇಲಿದ್ದೋಳು ಅವಳೊಬ್ಳೇ."

ಇದನ್ನು ಸರ್‌ಗೆ ಹೇಳಿದೆ. ಮಾರನೆಯ ದಿನದಿಂದ ಅವರು ಸ್ಟುಡಿಯೋ ಬಾಗಿಲು ಮುಚ್ಚಲು ಬಿಡಲಿಲ್ಲ. ಬಸ್ಸಿನ ಹಾರ್ನ್, ಟೀ ಅಂಗಡಿಯ ಗಲಾಟೆ ಎಲ್ಲ ಒಳಗೆ ನುಗ್ಗುತ್ತಿತ್ತು. ಕೆಣಕುವುದು ನಿಂತಿತು. ಕರೆ ಮುಗಿದ ಮೇಲೂ ಕಿವಿಗೊಟ್ಟು ಕೂತೇ ಇರುತ್ತಿದ್ದರು, ಇನ್ನೂ ಯಾರೋ ಲೈನಿನಲ್ಲಿ ಇದ್ದ ಹಾಗೆ... "ಯಾಕ್ ಸಾರ್, ಇವತ್ತೂ ಬೈಯಾಕಿಲ್ವಾ?" ಎಂದು ಹನಕೆರೆಯ ಕೇಳುಗನೊಬ್ಬ ಗೋಗರೆದ. "ಬಾಯೇ ಬತ್ತಾ ಇಲ್ಲ ಕಣಪ್ಪ," ಎಂದರು. ಅದೇ ಕೊನೆಯ ಕಾರ್ಯಕ್ರಮ. ಹೋಗುವಾಗ ನನ್ನ ಮೇಜಿನ ಬಳಿ ನಿಂತರು. "ಆಡ್ಕಂಡು ನಕ್ಕು ಆ ತಾಯಿನ ಕೊಂದ್ಬುಟ್ಟೆ ಕಣಮ್ಮ." ಅವರು ಹೋದ ಮೇಲೆ ಆ ಮೈಕಿನ ಸ್ಪಂಜು ಕಳಚಿ ನನ್ನ ಬ್ಯಾಗಿಗೆ ಹಾಕಿಕೊಂಡೆ.

ಈ ವರ್ಷ ಸರ್ ಹೋದರು. ತಿಥಿಗೆ ಮದ್ದೂರಿಗೆ ಹೋಗಿದ್ದೆ. ಅವರಿಂದ ಬೈಸಿಕೊಂಡವರೇ ಹೆಚ್ಚಾಗಿ ಸೇರಿದ್ದರು. ಸರ್ ಹೆಂಡತಿ ನನ್ನ ಕೈ ಹಿಡಿದು ಹೇಳಿದರು: "ರೇಡಿಯೋ ಬುಟ್ಮ್ಯಾಲೆ ಮನೇಲೂ ಮಾತಿಲ್ಲ ಕಣಮ್ಮ. ಹತ್ತ್ ಗಂಟೆ ಆದ್ರೆ ಸಾಕು, ಆಯಮ್ಮ ನನ್ನಿಂದ್ಲೇ ಸತ್ಲಾ ಅಂತ ಕೇಳೋರು. ನಾನೇನ್ ಯೇಳ್ಲಿ?"

ಉತ್ತರ ನನಗೆ ಗೊತ್ತಿತ್ತು. ಆ ಮುದುಕಿ ಅವತ್ತಿನ ಕರೆಗೂ ಮುಂಚೆ ತಿಂಗಳುಗಟ್ಟಲೆ ನನಗೆ ಫೋನ್ ಮಾಡುತ್ತಿದ್ದಳು. "ಆವಪ್ಪನ ಬಾಯಲ್ಲಿ 'ಈಗ್ ಬತ್ತೀನಿ' ಅಂತ ಒಂದ್ ಮಾತು ಅನ್ನಿಸವ್ವ. ಕೇಳ್ಕಂಡು ನಿಸ್ಚಿಂತೆಯಾಗಿ ಓಯ್ತೀನಿ," ಎನ್ನುತ್ತಿದ್ದಳು. ಹುಚ್ಚು ಮುದುಕಿ ಎಂದುಕೊಂಡು ನಾನು ಸರ್‌ಗೆ ಹೇಳಿರಲಿಲ್ಲ. ಆಮೇಲೆ, ಹೇಳದೆ ಇದ್ದುದಕ್ಕೆ ನಾಚಿಕೆಯಾಗಿ ಹೇಳಲಿಲ್ಲ. ಮಂಡ್ಯದಿಂದ ಮದ್ದೂರಿಗೆ ಬಸ್ಸಿನಲ್ಲಿ ಅರ್ಧ ಗಂಟೆಯ ದಾರಿ. ಅವರು ಬದುಕಿದ್ದಾಗ ಒಂದು ಸಲವೂ ಆ ಬಸ್ಸು ಹತ್ತಲಿಲ್ಲ.