ವಾರಗಿತ್ತಿಯ ಐವತ್ತೊಂದು

ರೋಸಾಂದಾಳ ಹೊಟ್ಟೆಗೆ ಕಿಚ್ಚು ಬಿದ್ದದ್ದು ವಾರಗಿತ್ತಿಯ ಚಿನ್ನ ಕಂಡಲ್ಲ, ಅವಳ ಗಂಡನ ಹೊಸ ಕಾರು ಕಂಡೂ ಅಲ್ಲ. ಅವಳ ಬೆನ್ನುನೋವು ಕಂಡು. ನಗಬೇಡಿ, ಮೊರಾವಾ ನದಿಯ ದಂಡೆಯ ನಮ್ಮೂರಲ್ಲಿ ಬೆನ್ನುನೋವಿಗೂ ಅಂತಸ್ತು ಇದೆ.

ಆ ಅಂತಸ್ತನ್ನು ಊರಿಗೆಲ್ಲ ಹಂಚುವವಳೇ ರೋಸಾಂದಾ. ಆರೋಗ್ಯ ಕೇಂದ್ರದಲ್ಲಿ ಡಾಕ್ಟರ್ ಸ್ರೆತೆನ್ ಅವರ ಪಕ್ಕದಲ್ಲಿ ಕೂರುವ ನರ್ಸು ಆಕೆ. ಡಾಕ್ಟರು ರೋಗಿಯ ಬೆನ್ನು ಒತ್ತಿ ನೋಡಿ ಬಾಯಲ್ಲಿ ಹೇಳುತ್ತಾರೆ, ಕಾಯಿಲೆಯ ಸಂಖ್ಯೆಯನ್ನು ಕಂಪ್ಯೂಟರಿಗೆ ಹಾಕುವುದು ಇವಳು. ಬರೀ ಸೊಂಟನೋವಾದರೆ ಎಂ ಐವತ್ತನಾಲ್ಕು. ಡಿಸ್ಕ್ ಜಾರಿ ನರ ಒತ್ತಿದ್ದರೆ ಎಂ ಐವತ್ತೊಂದು. ಐವತ್ತನಾಲ್ಕಕ್ಕೆ ಸಿಗುವುದು ಒಂದು ಮುಲಾಮು, ಒಂದಿಷ್ಟು ರಜೆ. ಐವತ್ತೊಂದಕ್ಕಾದರೆ ಸರ್ಕಾರಿ ಖರ್ಚಿನಲ್ಲಿ ಬಿಸಿನೀರಿನ ಬುಗ್ಗೆಯ ಆಸ್ಪತ್ರೆ, ಜೊತೆಗೆ ಭಾರ ಎತ್ತಕೂಡದು ಎಂಬ ಅಪ್ಪಣೆ. ಮೈದುನನ ಹೆಂಡತಿ ದೆಸಾಂಕಾಳಿಗೆ ಸಿಕ್ಕಿದ್ದು ಐವತ್ತೊಂದು. ಅದನ್ನು ಕೈಯಾರೆ ಒತ್ತಿದವಳು ರೋಸಾಂದಾಳೇ, ಆ ದಿನದಿಂದ ಅವಳ ಮೈ ಉರಿ ಆರಿಲ್ಲ.

ಉರಿಗೆ ಕಾರಣವೂ ಇತ್ತು. ಒಂದೇ ಅಂಗಳದಲ್ಲಿ ಎರಡು ಮನೆ, ನಡುವೆ ಹಾಸಿಗೆ ಹಿಡಿದ ಅತ್ತೆ ಮಿಲುಂಕಾ. ಹೆಂಗಸು ಒಳ್ಳೆ ಭಾರದ ಆಳು. ಬೆಳಿಗ್ಗೆ ಅವರನ್ನು ಎತ್ತಿ ಕುರ್ಚಿಗೆ ಕೂರಿಸುವುದು ಹಿರಿಸೊಸೆಯ ಪಾಲು, ಸಂಜೆ ಮತ್ತೆ ಮಲಗಿಸುವುದು ಕಿರಿಸೊಸೆಯ ಪಾಲು ಎಂದಿತ್ತು. ಐವತ್ತೊಂದು ಬಂದ ಮೇಲೆ ಎರಡು ಪಾಲೂ ರೋಸಾಂದಾಳ ಸೊಂಟಕ್ಕೇ ಬಂತು. ದೆಸಾಂಕಾ ಬುಗ್ಗೆಯ ನೀರಿನಲ್ಲಿ ಮಿಂದು ಕೆನ್ನೆ ಕೆಂಪಾಗಿಸಿಕೊಂಡು ಬಂದಳು. "ಡಿಸ್ಕಂತೆ ಡಿಸ್ಕು! ಕೆನ್ನೆ ನೋಡು, ಟೊಮೇಟೊ ಆಗಿದೆ," ಎಂದು ರೋಸಾಂದಾ ಗಂಡನ ಮುಂದೆ ಮೂಗು ಮುರಿದಳು. ಗಂಡ ಟಿವಿಯ ಸದ್ದು ಜಾಸ್ತಿ ಮಾಡಿದ.

ಮನೆದೇವರಾದ ಸಂತ ನಿಕೋಲನ ಹಬ್ಬದ ದಿನವಂತೂ ಸಹಿಸಲಾಗಲಿಲ್ಲ. ಬಂದವರೆಲ್ಲ ಕಾಲಿನ ಹಿಮ ಕೊಡವಿ ನೇರ ದೆಸಾಂಕಾಳ ಹತ್ತಿರ ಹೋದರು. "ನಿನ್ನ ಡಿಸ್ಕ್ ಹೇಗಿದೆ ತಾಯಿ? ಏಳಬೇಡ, ಏಳಬೇಡ, ಕೂತ್ಕೋ!" ಒಬ್ಬರು ಬೆನ್ನಿಗೆ ದಿಂಬು ಕೊಟ್ಟರು. ರೋಸಾಂದಾ ಹುರಿದ ಮೀನಿನ ತಟ್ಟೆ ಹಿಡಿದು ನಿಂತಲ್ಲೇ ಮುಖ ಹಿಂಡಿದಳು.

"ನಂಗೂ ಸೊಂಟ ಹಿಡ್ಕೊಂಡಿದೆ, ಚಿಕ್ಕಮ್ಮ."

"ಗಾಳಿ ಬಡಿದಿರತ್ತೆ ಕಣೇ," ಎಂದಳು ಗಂಡನ ಚಿಕ್ಕಮ್ಮ. "ಎದುರುಬದುರು ಕಿಟಕಿ ತೆಗೆದಿಟ್ಟು ಕೂತಿರ್ತೀಯ. ಒಂದಿಷ್ಟು ರಾಕಿಯಾ ಸಾರಾಯಿ ಹಾಕಿ ತಿಕ್ಕಿಸ್ಕೋ, ಉಳಿದದ್ದು ಕುಡಿ. ಆಮೇಲೆ, ಆ ಬ್ರೆಡ್ ಇತ್ತ ತಾ."

ಡಿಸೆಂಬರಿನಲ್ಲಿ ಯಾವ ಹುಚ್ಚಿ ಕಿಟಕಿ ತೆಗೆದಿಟ್ಟು ಕೂರುತ್ತಾಳೆ? ಬ್ರೆಡ್ ತರಲು ಹೋದವಳು ಅಡುಗೆಮನೆಯಲ್ಲಿ ಅತ್ತಳು. ನೋವಿಗಲ್ಲ, ಆ ದಿಂಬಿಗೆ.

ಹಬ್ಬ ಕಳೆದ ಮೇಲೆ ಅವಳೂ ಬೆನ್ನಿನ ಸ್ಕ್ಯಾನ್‌ಗೆ ಹೆಸರು ಕೊಟ್ಟಳು. ಸರದಿ ಬರಲು ತಿಂಗಳುಗಟ್ಟಲೆ ಹಿಡಿಯಿತು. ಹೋಗುವ ಮುಂಚೆ ಚರ್ಚಿನಲ್ಲಿ ಮೇಣದಬತ್ತಿ ಹಚ್ಚಿ, ತನಗೂ ಒಂದು ಡಿಸ್ಕ್ ಜಾರಿಸಿ ಕೊಡಪ್ಪ ಎಂದು ಬೇಡಿಕೊಂಡಳು. ದೊಡ್ಡದೇ ಬೇಕೆಂದಿಲ್ಲ, ದೆಸಾಂಕಾಳಷ್ಟು ಸಾಕು.

ಡಾಕ್ಟರು ಚಿತ್ರವನ್ನು ಬೆಳಕಿಗೆ ಹಿಡಿದು ನಕ್ಕರು. "ಒಳ್ಳೇ ಸುದ್ದಿ ಸಿಸ್ಟರ್! ಇಪ್ಪತ್ತರ ಹುಡುಗಿಯ ಬೆನ್ನು ನಿಮ್ದು. ಸ್ನಾಯು ಸೋತಿದೆ ಅಷ್ಟೇ. ಐವತ್ನಾಲ್ಕೇ ಇರ್ಲಿ, ಹಾಕ್ಬಿಡಿ." ಹೀಗೆಂದು ಕಾಫಿಗೆ ಎದ್ದುಹೋದರು.

ಇಷ್ಟು ಕೆಟ್ಟ ಸುದ್ದಿಯನ್ನು ರೋಸಾಂದಾ ಜನ್ಮದಲ್ಲಿ ಕೇಳಿರಲಿಲ್ಲ. ತನ್ನ ಹೆಸರಿನ ಮುಂದೆ ಐವತ್ತೊಂದು ಎಂದು ಒತ್ತಿದಳು. ಬುಗ್ಗೆಯ ಆಸ್ಪತ್ರೆಗೆ ಹೋಗುವ ಅರ್ಜಿ ಮಾತ್ರ ನಾಳೆ ಡಾಕ್ಟರ ರುಜುವಾಗಿ ಹೋಗಬೇಕಿತ್ತು.

ಸಂಜೆ ಮನೆಗೆ ಬಂದವಳೇ ಅತ್ತೆಯ ಕೋಣೆಯ ಬಾಗಿಲಲ್ಲಿ ನಿಂತು ಸಾರಿದಳು. "ನಂಗೂ ಡಿಸ್ಕ್ ಜಾರಿದೆಯಂತೆ. ಐವತ್ತೊಂದು."

ಕುರ್ಚಿಯಲ್ಲಿದ್ದ ಮಿಲುಂಕಾ ಒಮ್ಮೆ ಹಿರಿಸೊಸೆಯನ್ನು, ಒಮ್ಮೆ ಹಾಸಿಗೆಯನ್ನು ನೋಡಿದರು. "ನಿಂಗೂನಾ? ಹಾಗಾದ್ರೆ ಇನ್ನು ನನ್ನನ್ನ ಎತ್ತೋರ್ಯಾರೇ?"

ಸೇಬು ಹೆಚ್ಚುತ್ತಿದ್ದ ದೆಸಾಂಕಾ ಚಾಕು ಕೆಳಗಿಟ್ಟಳು. ಈಗ ಉರಿದುಕೊಳ್ಳುತ್ತಾಳೆ ಎಂದು ರೋಸಾಂದಾ ಕಾದಳು. ಬದಲಿಗೆ ದೆಸಾಂಕಾಳ ಕಣ್ಣಲ್ಲಿ ನೀರು ಬಂತು.

"ಅಯ್ಯೋ ಅಕ್ಕ, ಮೊದ್ಲೇ ಯಾಕೆ ಹೇಳ್ಲಿಲ್ಲ? ಆ ನೋವು ಎಂಥದ್ದು ಅಂತ ನಂಗೆ ಗೊತ್ತು. ಮಗ್ಗುಲು ಬದಲಾಯಿಸೋಕೂ ಬಿಡಲ್ಲ. ಇಷ್ಟು ದಿನ ಅದನ್ನಿಟ್ಕೊಂಡು ಒಬ್ಬಳೇ ಎತ್ತಿದ್ಯಲ್ಲ! ನೀನು ಕೂತ್ಕೋ, ಇವತ್ತಿಂದ ಅತ್ತೆ ನನ್ನ ಪಾಲು."

"ಬೇಡ ದೆಸಾ, ನೀನು ಎತ್ತಬಾರ್ದು..."

ಅಷ್ಟರಲ್ಲಿ ದೆಸಾಂಕಾ ಬಗ್ಗಿ ಅತ್ತೆಯ ಕಂಕುಳಿಗೆ ಕೈ ಹಾಕಿಯಾಗಿತ್ತು. ಎತ್ತಿದಳು. ಟೊಮೇಟೊ ಕೆನ್ನೆ ಸುಣ್ಣ ಬಳಿದಂತಾಯಿತು. ಎಡಗಾಲು ಅವಳ ಜೊತೆ ಬರಲೊಲ್ಲದೆ ನೆಲದ ಮೇಲೆ ತೆವಳಿತು, ಚಪ್ಪಲಿ ಹಿಂದೆಯೇ ಉಳಿಯಿತು. ರೋಸಾಂದಾ ಧಾವಿಸಿ ಇಬ್ಬರನ್ನೂ ಹಿಡಿದು ಅತ್ತೆಯನ್ನು ತಾನೇ ಮಲಗಿಸಿದಳು. ಇಪ್ಪತ್ತರ ಬೆನ್ನು ನೊಂದಿತು, ಆದರೆ ಎತ್ತಿತು.

ದೆಸಾಂಕಾ ಗೋಡೆಗೊರಗಿ ಹಲ್ಲು ಕಚ್ಚಿಕೊಂಡು ನಕ್ಕಳು. "ನಾಳೆ ಸರಿಯಾಗಿ ಎತ್ತುತ್ತೀನಿ, ಅಕ್ಕ."

ರೋಸಾಂದಾಳಿಗೆ ನಾಚಿಕೆಯಾಯಿತು. ಹೊಟ್ಟೆಕಿಚ್ಚು ಹೋಯಿತೇ ಎಂದರೆ, ಎಲ್ಲಿ ಹೋಗುತ್ತದೆ? ನೋವೂ ಇವಳದೇ ದೊಡ್ಡದು, ಮನಸ್ಸೂ ಇವಳದೇ ದೊಡ್ಡದು, ತನಗೆ ಅಂತ ಏನು ಉಳಿಸಿದ್ದಾಳೆ ಎಂದು ಇನ್ನಷ್ಟು ಉರಿಯಿತು. ಹಾಗೆ ಉರಿಯುತ್ತಲೇ ಬಗ್ಗಿ, ಚಪ್ಪಲಿ ತಂದು ಅವಳ ಕಾಲಿಗೆ ತೊಡಿಸಿದಳು.

ಬೆಳಿಗ್ಗೆ ಡಾಕ್ಟರು ಬರುವ ಮೊದಲೇ ಕೂತು ಸಂಖ್ಯೆ ತಿದ್ದಿದಳು. ಬಂದ ಮೇಲೆ ಮುಚ್ಚಿಡದೆ ಹೇಳಿಯೂ ಬಿಟ್ಟಳು.

"ಡಾಕ್ಟ್ರೇ, ನಿನ್ನೆ ನನ್ನ ಹೆಸರಿಗೆ ಐವತ್ತೊಂದು ಹಾಕ್ಕೊಂಡಿದ್ದೆ. ಈಗ ಐವತ್ನಾಲ್ಕು ಮಾಡಿದೀನಿ."

ಡಾಕ್ಟರು ಕನ್ನಡಕದ ಮೇಲಿಂದ ನೋಡಿದರು. "ಏನಾಗಿತ್ತು ಸಿಸ್ಟರ್ ನಿಮ್ಗೆ?"

"ಏನಿಲ್ಲ. ಗಾಳಿ ಬಡಿದಿತ್ತು."

ಡಾಕ್ಟರು ಎದ್ದುಹೋಗಿ ಕಿಟಕಿ ಮುಚ್ಚಿದರು.