ಮುಖವಾಡದ ಹುಡುಗನ ದನಿ

ಹೊಸಹಳ್ಳಿಯ ಅನಂತಲಕ್ಷ್ಮಿ ಶಾಲೆಯೊಂದರಲ್ಲಿ ಇಂಗ್ಲಿಷ್ ಮೇಡಂ. ಎಂಬತ್ತಾರನೇ ಇಸವಿಯ ಬೇಸಿಗೆ ರಜೆಯಲ್ಲಿ ರಾಜಾಜಿನಗರದ ಸಣ್ಣ ಸ್ಟುಡಿಯೋ ಒಂದನ್ನು ನಡೆಸುತ್ತಿದ್ದ ವೆಂಕಟಗಿರಿ ಅವಳನ್ನು ಡಬ್ಬಿಂಗಿಗೆ ಕರೆದರು. ಜಪಾನಿನ ಕಾರ್ಟೂನ್ ಸರಣಿಯೊಂದನ್ನು ವಿಡಿಯೋ ಕ್ಯಾಸೆಟ್ಟಿಗಾಗಿ ಇಂಗ್ಲಿಷಿಗೆ ತರಬೇಕಿತ್ತು. ಕಾರ್ಟೂನ್ ತಾನೇ ಎಂದು ಅವಳು ಖುಷಿಯಿಂದಲೇ ಒಪ್ಪಿದಳು.

ಅದು ಮಕ್ಕಳ ಕಥೆಯಾಗಿರಲಿಲ್ಲ. ನಾಯಕ ಎಳೆಯ ಹುಡುಗ. ಕಪ್ಪು ಮುಖವಾಡ ತೊಟ್ಟರೆ ಅವನಿಗೆ ಭಾರಿ ಶಕ್ತಿ ಬರುತ್ತಿತ್ತು. ಆಗ ಅವನೊಳಗಿಂದ ಮಾತಾಡುತ್ತಿದ್ದುದು ಬೇರೆ ಯಾರೋ. ಎರಡು ದನಿಯನ್ನೂ ಅನಂತಲಕ್ಷ್ಮಿಯೇ ಕೊಡಬೇಕು. ಸದ್ದು ಬೀಳಬಾರದೆಂದು ಫ್ಯಾನ್ ಆರಿಸಿದ ಆ ಮುಚ್ಚಿದ ಕೋಣೆಯಲ್ಲಿ ನಿಂತು, ಹೊಟ್ಟೆಯ ಆಳದಿಂದ ಅವಳು ಆ ಇನ್ನೊಬ್ಬನ ದನಿಯನ್ನು ಎಳೆದು ತರುತ್ತಿದ್ದಳು.

ಒಂದು ದಿನದ ದೃಶ್ಯದಲ್ಲಿ ಹುಡುಗ ತಾನು ಕಾಪಾಡಲು ಬಂದ ಹೆಂಗಸನ್ನೇ ಕೊಂದು ನಗಬೇಕಿತ್ತು. ಅವಳು ನಕ್ಕಳು. ತೆರೆಯ ಮೇಲೆ ಚಿತ್ರ ನಿಂತರೂ ನಗು ನಿಲ್ಲಲಿಲ್ಲ.

"ಸಾಕು ಮೇಡಂ, ಓಕೆ ಆಯ್ತು," ಎಂದರು ವೆಂಕಟಗಿರಿ. ಆಮೇಲೆ ಮೆಲ್ಲಗೆ, "ಮೇಡಂ, ಸಾಕು," ಎಂದು ಒಳಗೆ ಬಂದು ನೀರು ಕೊಟ್ಟರು.

ಬಸ್ಸಿನಲ್ಲಿ ಯಾರೊಡನೆಯೂ ಮಾತಾಡದೆ ಮನೆಗೆ ಬಂದಳು. ಗಂಡ ಕೃಷ್ಣಪ್ಪ ಕೆಲಸಕ್ಕೆ ಹೋಗಿದ್ದ. ಕಣ್ಣಿಗೆ ಪೊರೆ ಬಂದು ಏನೂ ಕಾಣದ ಅತ್ತೆ ಅಂಜಮ್ಮ ಒಳಗಿನಿಂದ ಚಿಲಕ ಹಾಕಿಕೊಂಡು ಒಬ್ಬರೇ ಇದ್ದರು.

"ಅತ್ತೆ, ಬಾಗಿಲು ತೆಗೀರಿ."

ಹೊರಬಿದ್ದದ್ದು ಮುಖವಾಡದೊಳಗಿನವನ ದನಿ. ಅನಂತಲಕ್ಷ್ಮಿ ಗಂಟಲು ಹಿಡಿದುಕೊಂಡಳು.

"ಯಾರಪ್ಪಾ ಅದು?"

"ನಾನು ಅತ್ತೆ, ಅನಂತು."

"ನನ್ ಸೊಸೆ ಹೆಸ್ರು ನಿಂಗೆ ಹೆಂಗೆ ಗೊತ್ತು? ಅವಳ್ನ ಏನ್ ಮಾಡ್ದೆ ನೀನು?"

ತಾನೇ ಎಂದು ಹೇಳಿದಷ್ಟೂ ಅವಳ ದನಿ ಇನ್ನೂ ಒರಟಾಯಿತು. ಒಳಗೆ ಪಾತ್ರೆ ಉರುಳಿತು; ಮುದುಕಿ ದೇವರ ಹೆಸರು ಹೇಳುವುದು ಕೇಳಿಸಿತು. ಹೆದರಿ ಎಲ್ಲಿ ಬಿದ್ದುಬಿಡುತ್ತಾರೋ ಎಂದು ಅನಂತಲಕ್ಷ್ಮಿ ಪಕ್ಕದ ಕಿಟಕಿಯೊಳಗೆ ಕೈ ತೂರಿಸಿ ಚಿಲಕಕ್ಕೆ ತಡಕಾಡಿದಳು. ಸದ್ದಿನ ಜಾಡು ಹಿಡಿದು ಬಂದ ಅಂಜಮ್ಮ ಲಟ್ಟಣಿಗೆಯಿಂದ ಆ ಕೈಗೆ ಬಲವಾಗಿ ಹೊಡೆದರು.

"ಅಯ್ಯೋ ಅಮ್ಮಾ..."

ನೋವಿನಲ್ಲಿ ಬಂದ ಆ ಕೂಗು ಅವಳದೇ ಆಗಿತ್ತು.

"ಅನಂತೂ? ನೀನೇನೇ?" ಅಂಜಮ್ಮ ಬಾಗಿಲು ತೆಗೆದು, ಸೊಸೆಯ ಮುಖವನ್ನೆಲ್ಲ ಕೈಯಿಂದ ಮುಟ್ಟಿ ನೋಡಿ, ಅಲ್ಲೇ ಕುಸಿದು ಅತ್ತರು.

ಗಂಟಲು ಊದಿದೆ, ಮಾತೇ ಆಡಬೇಡಿ ಎಂದರು ಡಾಕ್ಟರು. ವೆಂಕಟಗಿರಿ ಬೇಸರಪಡದೆ ಉಳಿದ ಕಂತುಗಳಿಗೆ ನಾಟಕದ ನಟರೊಬ್ಬರನ್ನು ಹುಡುಕಿಕೊಂಡರು. ಶಾಲೆ ಶುರುವಾಗುವ ಹೊತ್ತಿಗೆ ಅನಂತಲಕ್ಷ್ಮಿಯ ದನಿ ಮರಳಿತ್ತು.

ಆದರೂ ಅಂಜಮ್ಮ ಸುಮ್ಮನೆ ಬಾಗಿಲು ತೆಗೆಯುತ್ತಿರಲಿಲ್ಲ. "ಏನಾದ್ರೂ ಮಾತಾಡೇ," ಎನ್ನುತ್ತಿದ್ದರು. ಹುರುಳಿಕಾಯಿ ತಂದಿದ್ದೀನಿ ಅತ್ತೆ ಎಂದೋ, ಬಸ್ಸು ತಡವಾಯ್ತು ಎಂದೋ ಹೇಳುವ ಮುನ್ನ ಅನಂತಲಕ್ಷ್ಮಿ ಹೊಸ್ತಿಲಾಚೆ ಒಂದು ಗಳಿಗೆ ತಡೆಯುತ್ತಿದ್ದಳು. ಬಾಯಿ ತೆರೆದರೆ ಯಾರ ದನಿ ಬರುತ್ತದೋ ಎಂಬುದು ಅವಳಿಗೂ ಖಾತ್ರಿಯಿರಲಿಲ್ಲ.